ಸಾಕ್ಷ್ಯಚಿತ್ರದಲ್ಲಿ ಸಾಕ್ಷಿ ಯಾರು?

(ಬಾನುಲಿ ಭಾಷಣ)

ಇಂಗ್ಲಿಷಿನ ‘ಡಾಕ್ಯುಮೆಂಟರಿ’ ಎಂಬ ಶಬ್ದಕ್ಕೆ ಕನ್ನಡದಲ್ಲಿ ‘ಸಾಕ್ಷ್ಯಚಿತ್ರ’ ಎಂಬ ಹೆಸರು ರೂಢಿಗೆ ಬಂದಿದೆ. ಇಂಗ್ಲಿಷ್ ಶಬ್ದದ ಬೇರು ದಾಖಲೆಯಲ್ಲಿದೆ, ಕಾಗದಪತ್ರಗಳಲ್ಲಿದೆ. ನಮ್ಮ ಶಬ್ದದ ಬೇರು ಕಣ್ಣಿನಲ್ಲಿದೆ. ತಾನೇ ಪ್ರತ್ಯಕ್ಷವಾಗಿ ನೋಡಿದವನಿಗೆ ಮಾತ್ರ ಸಾಕ್ಷಿ ಎಂಬ ಹೆಸರು ಸಲ್ಲುತ್ತದೆ ಎಂಬುದು ಪಾಣಿನಿಯ ವ್ಯಾಕರಣದಷ್ಟು ಹಳೆಯ ಮಾತು. ಈ ಶಬ್ದವನ್ನು ಒಪ್ಪಿಕೊಂಡ ಮೇಲೆ ಅದರ ಬೆನ್ನಿಗೆ ಬರುವ ಪ್ರಶ್ನೆಯನ್ನೂ ಒಪ್ಪಿಕೊಳ್ಳಬೇಕಾಗುತ್ತದೆ. ಸಾಕ್ಷ್ಯಚಿತ್ರದಲ್ಲಿ ಸಾಕ್ಷಿ ಯಾರು? ಕ್ಯಾಮರಾ ಹಿಡಿದು ದೂರದೇಶಕ್ಕೆ ಹೋದವನೇ? ತೆರೆಯ ಹಿಂದಿನಿಂದ ಗಂಭೀರವಾದ ಕಂಠದಲ್ಲಿ ವ್ಯಾಖ್ಯಾನ ನೀಡುವವನೇ? ಅಥವಾ ಮಳೆ ಕೈಕೊಟ್ಟ ಹೊಲದಲ್ಲಿ, ತೆಳುವಾಗುತ್ತಿರುವ ಹಿಮದ ಮೇಲೆ, ದಿನನಿತ್ಯದ ಬಾಳು ನಡೆಸುತ್ತಿರುವ ಮನುಷ್ಯನೇ?

ಇದು ಕೇವಲ ಶಬ್ದಜಿಜ್ಞಾಸೆಯಲ್ಲ. ಭೂಮಿಯ ಹವಾಮಾನ ಬದಲಾಗುತ್ತಿರುವ ಈ ಕಾಲದಲ್ಲಿ ಇದು ನ್ಯಾಯಾನ್ಯಾಯದ ಪ್ರಶ್ನೆಯೂ ಹೌದು. ಕಲ್ಲಿದ್ದಲನ್ನೂ ತೈಲವನ್ನೂ ಉರಿಸಿ ಸಂಪತ್ತು ಗಳಿಸಿದ ನಾಡುಗಳು ಒಂದು ಕಡೆ. ಆ ಹೊಗೆಯ ಫಲವನ್ನು ಮೊದಲು ಉಣ್ಣುತ್ತಿರುವ ದ್ವೀಪವಾಸಿಗಳು, ಒಣಬೇಸಾಯದ ರೈತರು, ಬೇಟೆಗಾರರು ಇನ್ನೊಂದು ಕಡೆ. ಈ ಎರಡನೆಯ ಪಕ್ಷದವರ ಚಿತ್ರಗಳನ್ನು ನಾವು ಬೇಕಾದಷ್ಟು ನೋಡಿದ್ದೇವೆ. ಅವರ ಮಾತನ್ನು ಎಷ್ಟು ಕೇಳಿದ್ದೇವೆ? ಉತ್ತರದ ಜಾಡು ಸಾಕ್ಷ್ಯಚಿತ್ರದ ನೂರು ವರ್ಷಗಳ ಇತಿಹಾಸದಲ್ಲಿಯೇ ಇದೆ. ಆ ಇತಿಹಾಸದ ಮೊದಲ ಪ್ರಸಿದ್ಧ ಚಿತ್ರ ಹುಟ್ಟಿದ್ದು ಉತ್ತರ ಕೆನಡಾದ ಹಿಮಪ್ರದೇಶದಲ್ಲಿ, 1922ರಲ್ಲಿ. ಹವಾಮಾನ ಬದಲಾವಣೆಯನ್ನು ಕುರಿತ ಒಂದು ಅಪೂರ್ವ ಚಿತ್ರ ಅದೇ ಜನಾಂಗದ ನಡುವೆ ಹುಟ್ಟಿತು, 2010ರಲ್ಲಿ. ಈ ಎಂಬತ್ತೆಂಟು ವರ್ಷಗಳಲ್ಲಿ ಕ್ಯಾಮರಾ ಯಾರ ಕೈಯಿಂದ ಯಾರ ಕೈಗೆ ಹೋಯಿತು, ಅದರಿಂದ ಏನಾಯಿತು ಎಂಬುದನ್ನು ಇಂದು ನೋಡೋಣ.

ರಾಬರ್ಟ್ ಫ್ಲಾಹರ್ಟಿ ಅಮೆರಿಕದವರು. ಕೆನಡಾದ ಉತ್ತರಭಾಗದಲ್ಲಿ ಅದಿರು ಹುಡುಕಲು ಹೋದವರು. ಅಲ್ಲಿನ ಇನೂಯಿಟ್ ಜನರ ಸಹವಾಸದಲ್ಲಿ ಅವರಿಗೆ ಚಿತ್ರ ತೆಗೆಯುವ ಹಂಬಲ ಹುಟ್ಟಿತು. ಈ ಜನರನ್ನು ನಮ್ಮ ಹಳೆಯ ಪಠ್ಯಪುಸ್ತಕಗಳು ಎಸ್ಕಿಮೊ ಎಂದು ಕರೆದವು. ಅವರು ತಮ್ಮನ್ನು ಕರೆದುಕೊಳ್ಳುವ ಹೆಸರು ಇನೂಯಿಟ್. ಫ್ಲಾಹರ್ಟಿ ಮೊದಲು ತೆಗೆದ ಸಾವಿರಾರು ಅಡಿ ಫಿಲ್ಮು 1916ರಲ್ಲಿ, ಅವರದೇ ಸಿಗರೇಟಿನ ಕಿಡಿ ತಗುಲಿ, ಸುಟ್ಟುಹೋಯಿತು. ಮತ್ತೆ ಹೊರಡಲು ಹಣ ಬೇಕಾಯಿತು. ಹಣ ಕೊಟ್ಟದ್ದು ರೆವಿಯೋಂ ಫ್ರೇರ್ ಎಂಬ ಫ್ರೆಂಚ್ ಸಂಸ್ಥೆ. ಅದರ ವ್ಯಾಪಾರ ಪ್ರಾಣಿಗಳ ತುಪ್ಪಳದ ಚರ್ಮ. 1920ರಲ್ಲಿ ಹಡ್ಸನ್ ಕೊಲ್ಲಿಯ ಪೂರ್ವದಂಡೆಯ ಇನುಕ್ಜುವಾಕ್ ಎಂಬ ನೆಲೆಗೆ ಹೋಗಿ, ಸುಮಾರು ಒಂದು ವರ್ಷ ಅಲ್ಲಿದ್ದು, ಅವರು ತೆಗೆದ ಚಿತ್ರವೇ ‘ನಾನೂಕ್ ಆಫ್ ದಿ ನಾರ್ತ್’. 1922ರ ಜೂನ್ ತಿಂಗಳಲ್ಲಿ ನ್ಯೂಯಾರ್ಕಿನಲ್ಲಿ ಅದು ತೆರೆ ಕಂಡಿತು; ಬಹುಬೇಗ ಲೋಕಪ್ರಸಿದ್ಧವಾಯಿತು.

ತೆರೆಯ ಮೇಲೆ ಕಂಡದ್ದೆಲ್ಲ ಪ್ರತ್ಯಕ್ಷವಾಗಿ ನಡೆದದ್ದೇ ಎಂದು ಅಂದಿನ ಪ್ರೇಕ್ಷಕರು ನಂಬಿದರು. ನಿಜ ಬೇರೆಯಾಗಿತ್ತು. ನಾಯಕನ ಹೆಸರು ನಾನೂಕ್ ಅಲ್ಲ, ಅಲ್ಲಾಕರಿಯಲ್ಲಾಕ್. ಆ ವೇಳೆಗೆ ಅಲ್ಲಿನ ಬೇಟೆಗಾರರು ಬಂದೂಕು ಬಳಸುತ್ತಿದ್ದರು. ಚಿತ್ರಕ್ಕಾಗಿ ಈಟಿ ಹಿಡಿದರು. ಗ್ರಾಮಫೋನು ಅವರಿಗೆ ಅಪರಿಚಿತ ವಸ್ತುವಲ್ಲ. ಚಿತ್ರದಲ್ಲಿ ನಾನೂಕ್ ಅದರ ತಟ್ಟೆಯನ್ನು ಕಚ್ಚಿ ನೋಡಿ ಬೆರಗಾಗುತ್ತಾನೆ. ಹಿಮದ ಮನೆಯ ಒಳಗೆ ಕ್ಯಾಮರಾಕ್ಕೆ ಸಾಲುವಷ್ಟು ಬೆಳಕಿರಲಿಲ್ಲ. ಆದ್ದರಿಂದ ದೊಡ್ಡದೊಂದು ಮನೆಯನ್ನು ಕಟ್ಟಿಸಿ, ಅರ್ಧ ಗೋಡೆಯನ್ನು ತೆಗೆಸಿದರು. ಆ ಅರ್ಧಮನೆಯಲ್ಲಿ, ಕೊರೆಯುವ ಚಳಿಯಲ್ಲಿ, ಸಂಸಾರವೊಂದು ಬೆಚ್ಚಗೆ ಮಲಗಿ ಎದ್ದಂತೆ ನಟಿಸಿತು. ಜಗತ್ತು ನೋಡಲು ಬೇಕಾದ ಬೆಳಕಿಗಾಗಿ ಅವರು ತಮ್ಮ ಮನೆಯ ಗೋಡೆಯನ್ನು ಬಿಟ್ಟುಕೊಟ್ಟರು.

ಇಷ್ಟರಿಂದಲೇ ಫ್ಲಾಹರ್ಟಿಯನ್ನು ವಂಚಕರೆಂದು ತಳ್ಳಿಹಾಕುವುದು ಸರಿಯಾಗದು. ಅವರು ಆ ಜನರನ್ನು ಪ್ರೀತಿಸಿದರು, ಅವರೊಡನೆ ಕಷ್ಟಪಟ್ಟರು. ಫಿಲ್ಮನ್ನು ಅಲ್ಲಿಯೇ ತೊಳೆದು, ತೆರೆಯ ಮೇಲೆ ಬಿಟ್ಟು, ಅದರಲ್ಲಿದ್ದವರಿಗೇ ತೋರಿಸಿದರು. ಫಿಲ್ಮು ತೊಳೆಯಲು ಮಂಜುಗಡ್ಡೆಯಲ್ಲಿ ರಂಧ್ರ ಕೊರೆದು ನೀರು ಹೊತ್ತವರು, ಕ್ಯಾಮರಾ ಕೆಟ್ಟಾಗ ಬಿಚ್ಚಿ ಜೋಡಿಸಿದವರು ಇನೂಯಿಟರೇ. ಆದರೆ ಆ ಶ್ರಮಿಕರ ಪೈಕಿ ಯಾರೂ ಚಿತ್ರದ ಕರ್ತೃಗಳಾಗಲಿಲ್ಲ. ಚಿತ್ರ ಮೂಕಿಯಾಗಿತ್ತು, ನಡುನಡುವೆ ಬರುವ ಬರಹ ಇಂಗ್ಲಿಷಿನದು. ಅಲ್ಲಾಕರಿಯಲ್ಲಾಕ್ ಲೋಕಕ್ಕೆಲ್ಲ ಮುಖ ತೋರಿದರು. ಅವರ ಒಂದು ಮಾತೂ ಲೋಕಕ್ಕೆ ಕೇಳಿಸಲಿಲ್ಲ. ಚಿತ್ರೀಕರಣ ಮುಗಿದ ಎರಡು ಮೂರು ವರ್ಷಗಳಲ್ಲಿಯೇ ಅವರು ತೀರಿಕೊಂಡರು.

ಮುಖ ಪ್ರಸಿದ್ಧವಾದರೂ ಮಾತು ಕೇಳಿಸದಿದ್ದರೆ ಏನಾಗುತ್ತದೆ ಎಂಬುದಕ್ಕೆ ಅದೇ ಇನುಕ್ಜುವಾಕ್ ಮುಂದೆ ಉದಾಹರಣೆಯಾಯಿತು. 1953ರಲ್ಲಿ ಕೆನಡಾ ಸರ್ಕಾರ ಅಲ್ಲಿನ ಕೆಲವು ಸಂಸಾರಗಳನ್ನು ಹಡಗಿಗೆ ಹತ್ತಿಸಿ, ಸುಮಾರು 2,000 ಕಿಲೋಮೀಟರ್ ಉತ್ತರಕ್ಕೆ, ಗ್ರೀಸ್ ಫಿಯೋರ್ಡ್ ಮತ್ತು ರೆಸಲ್ಯೂಟ್ ಎಂಬ ನಿರ್ಜನ ತಾಣಗಳಿಗೆ ಸಾಗಿಸಿತು. ಬೇಟೆ ಹೇರಳವಾಗಿದೆ ಎಂದರು. ಬೇಡವೆನಿಸಿದರೆ ಎರಡು ವರ್ಷಗಳಲ್ಲಿ ಹಿಂದಿರುಗಬಹುದು ಎಂದರು. ಆ ಮಾತು ನಡೆಯಲಿಲ್ಲ. ಚಳಿಗಾಲದಲ್ಲಿ ತಿಂಗಳುಗಟ್ಟಲೆ ಸೂರ್ಯನೇ ಕಾಣದ ಆ ನಾಡಿನಲ್ಲಿ ಅವರು ಮೊದಲ ಚಳಿಗಾಲವನ್ನು ಗುಡಾರಗಳಲ್ಲಿ ಕಳೆದರು. ಉತ್ತರದ ದ್ವೀಪಗಳ ಮೇಲೆ ದೇಶದ ಸಾರ್ವಭೌಮತ್ವವನ್ನು ತೋರಿಸುವ ಉದ್ದೇಶವೂ ಇದರ ಹಿಂದೆ ಇತ್ತೆಂಬುದನ್ನು 1994ರಲ್ಲಿ ಅಲ್ಲಿನ ರಾಜಮಾನ್ಯ ಆಯೋಗದ ವರದಿ ಎತ್ತಿಹೇಳಿತು. 1955ರಲ್ಲಿ ಇದೇ ರೀತಿ ಸಾಗಿಸಲ್ಪಟ್ಟವರಲ್ಲಿ ಜೋಸೆಫಿ ಫ್ಲಾಹರ್ಟಿ ಎಂಬವರೊಬ್ಬರು. ಅವರ ತಾಯಿ ‘ನಾನೂಕ್’ ಚಿತ್ರದಲ್ಲಿ ಅಭಿನಯಿಸಿದ್ದ ಮ್ಯಾಗಿ. ತಂದೆ ರಾಬರ್ಟ್ ಫ್ಲಾಹರ್ಟಿ. ತಂದೆ ಮಗನನ್ನು ಎಂದೂ ನೋಡಲಿಲ್ಲ. ಹಿಮದ ನಾಡಿನ ಬಾಳನ್ನು ಜಗತ್ತಿಗೆಲ್ಲ ತೋರಿಸಿದ ಆ ಚಿತ್ರಕ್ಕೆ ಅದನ್ನು ತೆಗೆದವನ ಸ್ವಂತ ಮಗನನ್ನು ಅವನ ಊರಿನಲ್ಲಿ ಉಳಿಸುವ ಶಕ್ತಿಯೂ ಇರಲಿಲ್ಲ.

ಈಗ ಈ ಕಲಾಪ್ರಕಾರ ಹೊರಜಗತ್ತಿನಲ್ಲಿ ಹೇಗೆ ಬೆಳೆಯಿತೆಂಬುದನ್ನು ಸ್ವಲ್ಪ ನೋಡಿ, ಮತ್ತೆ ಹಿಮದ ನಾಡಿಗೆ ಬರೋಣ. ‘ಡಾಕ್ಯುಮೆಂಟರಿ’ ಎಂಬ ಮಾತನ್ನು ಚಲನಚಿತ್ರಕ್ಕೆ ಅನ್ವಯಿಸಿ ಬಳಕೆಗೆ ತಂದವರು ಸ್ಕಾಟ್ಲೆಂಡಿನ ಜಾನ್ ಗ್ರಿಯರ್ಸನ್; 1926ರಲ್ಲಿ, ಫ್ಲಾಹರ್ಟಿಯ ‘ಮೊವಾನಾ’ ಎಂಬ ಇನ್ನೊಂದು ಚಿತ್ರವನ್ನು ವಿಮರ್ಶಿಸುವಾಗ. ಗ್ರಿಯರ್ಸನ್ನರ ದೃಷ್ಟಿ ದೂರದ ದ್ವೀಪಗಳಿಗಿಂತ ಹೆಚ್ಚಾಗಿ ತಮ್ಮ ನಾಡಿನ ಗಣಿ, ಬಂದರು, ಕಾರ್ಖಾನೆಗಳ ಕಡೆಗಿತ್ತು. ಅವರ ಬಳಗದವರಾದ ಎಡ್ಗರ್ ಆನ್‌ಸ್ಟಿ ಮತ್ತು ಆರ್ಥರ್ ಎಲ್ಟನ್ 1935ರಲ್ಲಿ ‘ಹೌಸಿಂಗ್ ಪ್ರಾಬ್ಲಮ್ಸ್’ ಎಂಬ ಚಿಕ್ಕ ಚಿತ್ರವನ್ನು ಮಾಡಿದರು. ಲಂಡನ್ನಿನ ಕೊಳೆಗೇರಿಯ ಹೆಂಗಸರು ಗಂಡಸರು ತಮ್ಮ ಮನೆಯೊಳಗೆ ನಿಂತು, ಕ್ಯಾಮರಾದತ್ತ ಮುಖ ಮಾಡಿ, ಇಲಿಯ ಕಾಟವನ್ನೂ ಕುಸಿಯುತ್ತಿರುವ ಗೋಡೆಯನ್ನೂ ತಮ್ಮದೇ ಮಾತಿನಲ್ಲಿ ವರ್ಣಿಸಿದರು. ಬಡವನೊಬ್ಬ ತೆರೆಯ ಮೇಲೆ ತನ್ನ ಬಾಯಿಂದ ತನ್ನ ಕಷ್ಟ ಹೇಳಿಕೊಳ್ಳುವುದು ಅಂದಿಗೆ ತೀರ ಹೊಸತು. ಆದರೆ ಆ ಚಿತ್ರಕ್ಕೆ ಹಣ ಒದಗಿಸಿದ್ದು ಬ್ರಿಟಿಷ್ ಅನಿಲ ಉದ್ಯಮದ ಸಂಘ. ಹೊಸ ಮನೆಗಳು ಎದ್ದರೆ ಅವಕ್ಕೆ ಅನಿಲದ ಒಲೆಗಳು ಬರುತ್ತವೆ. ಇದೇ ಆನ್‌ಸ್ಟಿ 1934ರಲ್ಲಿ ಶೆಲ್ ತೈಲ ಕಂಪನಿಯ ಚಲನಚಿತ್ರ ಘಟಕವನ್ನು ಕಟ್ಟಿದವರು. ತುಪ್ಪಳ, ಅನಿಲ, ತೈಲ: ಸಾಕ್ಷಿಯ ಹಿಂದೆ ಪೋಷಕನೊಬ್ಬ ನಿಂತಿರುವುದು ಈ ಇತಿಹಾಸದ ಉದ್ದಕ್ಕೂ ಕಾಣುತ್ತದೆ. ಪೋಷಕನಿದ್ದ ಮಾತ್ರಕ್ಕೆ ಸಾಕ್ಷ್ಯ ಸುಳ್ಳಾಗುವುದಿಲ್ಲ. ಯಾವ ಪ್ರಶ್ನೆ ಕೇಳದೆ ಉಳಿಯುತ್ತದೆ ಎಂಬುದನ್ನು ಮಾತ್ರ ಅವನು ನಿರ್ಣಯಿಸುತ್ತಾನೆ.

ಪೋಷಕ ಸರ್ಕಾರವಾದಾಗಲೂ ಹೀಗೆಯೇ. 1930ರ ದಶಕದಲ್ಲಿ ಅಮೆರಿಕದ ಮಧ್ಯಭಾಗದ ಬಯಲುಸೀಮೆ ಧೂಳಾಗಿ ಎದ್ದಿತು. ಹುಲ್ಲುಗಾವಲನ್ನು ಉತ್ತು ಗೋಧಿ ಬಿತ್ತಿದ್ದರು. ಬರ ಬಂದಾಗ ಬೇರಿನ ಹಿಡಿತವಿಲ್ಲದ ಮಣ್ಣು ಗಾಳಿಗೆ ಹಾರಿತು. ಲಕ್ಷಾಂತರ ಜನ ಊರು ಬಿಟ್ಟರು. ಪೇರ್ ಲೊರೆಂಟ್ಜ್ ಎಂಬ ಚಿತ್ರವಿಮರ್ಶಕರು ಸರ್ಕಾರದ ಪುನರ್ವಸತಿ ಇಲಾಖೆಗಾಗಿ 1936ರಲ್ಲಿ ಮಾಡಿದ ‘ದಿ ಪ್ಲೌ ದಟ್ ಬ್ರೋಕ್ ದಿ ಪ್ಲೇನ್ಸ್’ ಈ ದುರಂತದ ಚಿತ್ರ. ಮನುಷ್ಯನ ದುಡುಕಿಗೂ ಪ್ರಕೃತಿಯ ಮುನಿಸಿಗೂ ಇರುವ ಕೊಂಡಿಯನ್ನು ಅಷ್ಟು ಸ್ಪಷ್ಟವಾಗಿ ತೋರಿಸಿದ ಚಿತ್ರ ಅದಕ್ಕಿಂತ ಮುಂಚೆ ವಿರಳ. ಅದರ ಛಾಯಾಗ್ರಾಹಕರಾದ ಪಾಲ್ ಸ್ಟ್ರಾಂಡ್ ಮತ್ತು ಲಿಯೊ ಹರ್ವಿಟ್ಸ್ ದೋಷವನ್ನು ಲಾಭಕೋರ ವ್ಯವಸ್ಥೆಯ ಮೇಲೆ ಹೊರಿಸಬೇಕೆಂದರು, ಲೊರೆಂಟ್ಜ್ ಒಪ್ಪಲಿಲ್ಲ, ಜಗಳವಾಯಿತು. ಚಿತ್ರದಲ್ಲಿ ಧೂಳಿನ ನಡುವಿನ ರೈತರ ಮುಖಗಳಿವೆ, ಮಾತು ವ್ಯಾಖ್ಯಾನಕಾರನದು. ಆ ಬಯಲು ಅದಕ್ಕೂ ಮುಂಚೆ ಯಾರದಾಗಿತ್ತೋ ಆ ಮೂಲನಿವಾಸಿಗಳಿಗೆ ಅದರಲ್ಲಿ ಹೇಳಿಕೊಳ್ಳುವಂಥ ಸ್ಥಾನವಿಲ್ಲ.

ಈ ವ್ಯಾಖ್ಯಾನಕಾರನ ಕಂಠ ನಮಗೂ ಚಿರಪರಿಚಿತ. 1948ರಲ್ಲಿ ಸ್ಥಾಪಿತವಾದ ಭಾರತ ಸರ್ಕಾರದ ಫಿಲ್ಮ್ಸ್ ಡಿವಿಜನ್ ಕಡ್ಡಾಯವಾಗಿ ತೋರಿಸುತ್ತಿದ್ದ ವಾರ್ತಾಚಿತ್ರವನ್ನೂ ಸಾಕ್ಷ್ಯಚಿತ್ರವನ್ನೂ ನೋಡದೆ ನಮ್ಮ ಪೀಳಿಗೆಯವರು ಯಾವ ಸಿನಿಮಾವನ್ನೂ ನೋಡಿದ್ದಿಲ್ಲ. ಬಿಹಾರದ ಬರವಾಗಲಿ ಬ್ರಹ್ಮಪುತ್ರದ ಪ್ರವಾಹವಾಗಲಿ, ಅದೇ ಧೀರ ಗಂಭೀರ ಧ್ವನಿ ಎಲ್ಲವನ್ನೂ ಹೇಳಿ ಮುಗಿಸುತ್ತಿತ್ತು. ಸಂತ್ರಸ್ತರು ಪಾತ್ರೆ ಹಿಡಿದು ಸಾಲಿನಲ್ಲಿ ನಿಂತಿರುತ್ತಿದ್ದರು. ಆ ಸಂಸ್ಥೆಯಲ್ಲಿಯೂ ಸುಖದೇವ್, ಎಸ್. ಎನ್. ಎಸ್. ಶಾಸ್ತ್ರಿಯವರಂಥ ಸ್ವತಂತ್ರ ಮನೋಧರ್ಮದ ನಿರ್ದೇಶಕರು ಇದ್ದರೆಂಬುದನ್ನು ಮರೆಯಬಾರದು. 2022ರಲ್ಲಿ ಅದು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನವಾಯಿತು. ಸಾಕ್ಷಿಯನ್ನು ಮೌನವಾಗಿ ನಿಲ್ಲಿಸಿ ಅವನ ಪರವಾಗಿ ಮಾತನಾಡುವ ಅಭ್ಯಾಸವನ್ನು ಮುರಿಯಲು ಜಗತ್ತಿನಲ್ಲಿ ಮೊದಲು ದೊಡ್ಡ ಪ್ರಯತ್ನ ನಡೆದದ್ದು ಮತ್ತೆ ಕೆನಡಾದಲ್ಲಿಯೇ.

ನ್ಯೂಫೌಂಡ್‌ಲೆಂಡ್ ತೀರದ ಫೋಗೊ ದ್ವೀಪದಲ್ಲಿ ಮೀನುಗಾರರು ವಾಸವಾಗಿದ್ದರು. ಚದುರಿದ ಹಳ್ಳಿಗಳ ಜನರನ್ನು ದೊಡ್ಡ ಊರುಗಳಿಗೆ ಸ್ಥಳಾಂತರಿಸುವ ಸರ್ಕಾರದ ಯೋಜನೆಯ ನೆರಳು ಅವರ ಮೇಲೂ ಬಿದ್ದಿತ್ತು. 1967ರಲ್ಲಿ ಕೆನಡಾದ ರಾಷ್ಟ್ರೀಯ ಚಲನಚಿತ್ರ ಮಂಡಲಿಯ ಕಾಲಿನ್ ಲೋ ಅಲ್ಲಿಗೆ ಹೋದರು. ಈ ಮಂಡಲಿಯನ್ನು 1939ರಲ್ಲಿ ಕಟ್ಟಿದವರು ಗ್ರಿಯರ್ಸನ್ನರೇ. ಲೋ ಒಂದು ಘನವಾದ ಚಿತ್ರದ ಬದಲು ಸುಮಾರು 27 ಕಿರುಚಿತ್ರಗಳನ್ನು ಮಾಡಿದರು. ಒಂದರಲ್ಲಿ ಒಬ್ಬ ಮೀನುಗಾರನ ಮಾತು, ಇನ್ನೊಂದರಲ್ಲಿ ಒಂದು ಮದುವೆ, ಮತ್ತೊಂದರಲ್ಲಿ ಸಹಕಾರ ಸಂಘದ ಚರ್ಚೆ. ಅವರು ಪಾಲಿಸಿದ ನಿಯಮ ಸರಳ: ತೆಗೆದದ್ದನ್ನು ಮೊದಲು ಅದರಲ್ಲಿರುವವರಿಗೆ ತೋರಿಸಬೇಕು, ಅವರು ಒಪ್ಪಿದ ಮೇಲೆ ಮಾತ್ರ ಹೊರಗಿನವರಿಗೆ ತೋರಿಸಬೇಕು. ದ್ವೀಪದ ಒಂದು ತುದಿಯ ಹಳ್ಳಿಯವರು ಇನ್ನೊಂದು ತುದಿಯವರ ಮಾತನ್ನು ತೆರೆಯ ಮೇಲೆ ಕೇಳಿ, ಕಷ್ಟ ಎಲ್ಲರದೂ ಒಂದೇ ಎಂದು ಅರಿತರು. ಚಿತ್ರಗಳನ್ನು ಅಧಿಕಾರದಲ್ಲಿದ್ದವರಿಗೆ ತೋರಿಸಿ, ಅವರ ಉತ್ತರವನ್ನೂ ಚಿತ್ರಿಸಿ ಊರಿಗೆ ತಂದರು. ಮೀನುಗಾರರು ಸಹಕಾರ ಸಂಘ ಕಟ್ಟಿಕೊಂಡರು, ದ್ವೀಪದಲ್ಲಿಯೇ ಉಳಿದರು. ಇದೆಲ್ಲವೂ ಚಿತ್ರಗಳಿಂದಲೇ ಆಯಿತೆನ್ನುವುದು ಅತಿಶಯೋಕ್ತಿಯಾದೀತು. ಆದರೆ ಹದಿನಾಲ್ಕು ವರ್ಷಗಳ ಹಿಂದೆ ಇನುಕ್ಜುವಾಕಿನವರಿಗೆ ಸಿಗದಿದ್ದ ಒಂದು ಸಂಗತಿ ಫೋಗೊದವರಿಗೆ ಸಿಕ್ಕಿತ್ತು: ತೀರ್ಪಿಗೆ ಮುಂಚೆ ತಮ್ಮ ಮಾತನ್ನು ಹೇಳಿಕೊಳ್ಳುವ ಅವಕಾಶ.

ಇಷ್ಟರಲ್ಲಿ ಹವಾಮಾನದ ವಿಷಯ ಚಲನಚಿತ್ರವನ್ನು ಪ್ರವೇಶಿಸಿತ್ತು. ಅದು ಪ್ರವೇಶಿಸಿದ್ದು ವಿಜ್ಞಾನಿಯ ಬಾಯಲ್ಲಿ. 1958ರಲ್ಲಿ, ಬೆಲ್ ಟೆಲಿಫೋನ್ ಕಂಪನಿಗಾಗಿ ಹಾಲಿವುಡ್ಡಿನ ಫ್ರಾಂಕ್ ಕಾಪ್ರ ನಿರ್ಮಿಸಿದ ‘ದಿ ಅನ್‌ಚೇನ್ಡ್ ಗಾಡೆಸ್’ ಎಂಬ ದೂರದರ್ಶನ ಚಿತ್ರ, ಕಾರ್ಖಾನೆ ಮತ್ತು ಮೋಟಾರುಗಳು ಉಗುಳುವ ಇಂಗಾಲದ ಡೈಆಕ್ಸೈಡಿನಿಂದ ವಾತಾವರಣ ಬಿಸಿಯಾಗಬಹುದು, ಧ್ರುವದ ಹಿಮ ಕರಗಿ ಸಮುದ್ರ ಏರಬಹುದು ಎಂದು ಎಚ್ಚರಿಸಿತು. ಅದೇ ವರ್ಷ ಹವಾಯಿಯ ಮೌನಾ ಲೋವಾ ಪರ್ವತದ ಮೇಲೆ ಚಾರ್ಲ್ಸ್ ಕೀಲಿಂಗ್ ಆ ಅನಿಲವನ್ನು ಅಳೆಯತೊಡಗಿದರು. ಆಗ ಗಾಳಿಯ ಹತ್ತು ಲಕ್ಷ ಅಣುಗಳಲ್ಲಿ ಅದು ಸುಮಾರು 315. ಈಗ 420ನ್ನು ದಾಟಿದೆ. 1991ರಲ್ಲಿ ಶೆಲ್ ಕಂಪನಿಯೇ ‘ಕ್ಲೈಮೇಟ್ ಆಫ್ ಕನ್ಸರ್ನ್’ ಎಂಬ 28 ನಿಮಿಷಗಳ ಚಿತ್ರ ಮಾಡಿತು. ಪ್ರವಾಹ, ಬರಗಾಲ, ನೆಲೆ ತಪ್ಪಿದ ಜನಸ್ತೋಮ ಎಲ್ಲವನ್ನೂ ಅದು ಮುಂಗಂಡಿತ್ತು. ಶಾಲಾ ಕಾಲೇಜುಗಳಲ್ಲಿ ತೋರಿಸಲೆಂದೇ ತಯಾರಾಗಿತ್ತು. ಮುಂದೆ ಜನ ಅದನ್ನು ಮರೆತರು. 2017ರಲ್ಲಿ ಡಚ್ ಮತ್ತು ಬ್ರಿಟಿಷ್ ಪತ್ರಕರ್ತರು ಅದನ್ನು ಮತ್ತೆ ಬೆಳಕಿಗೆ ತಂದರು. ಚಿತ್ರದ ಎಚ್ಚರಿಕೆಯಲ್ಲಿ ಸುಳ್ಳಿರಲಿಲ್ಲ. ಆ ನಡುವಿನ ವರ್ಷಗಳಲ್ಲಿ ಕಂಪನಿಯ ತೈಲವ್ಯಾಪಾರವೂ ನಿಲ್ಲಲಿಲ್ಲ. ನ್ಯಾಯಾಲಯದ ಭಾಷೆಯಲ್ಲಿ ಹೇಳುವುದಾದರೆ, ಪ್ರತಿವಾದಿಯೇ ಸಾಕ್ಷಿಕಟ್ಟೆಗೆ ಬಂದು ನಿಜವನ್ನು ನುಡಿದಿದ್ದ. ಪಾಟೀಸವಾಲು ಮಾಡುವವರು ಯಾರೂ ಇರಲಿಲ್ಲ.

2006ರಲ್ಲಿ ಡೇವಿಸ್ ಗುಗೆನ್‌ಹೈಮ್ ನಿರ್ದೇಶಿಸಿದ ‘ಆನ್ ಇನ್‌ಕನ್ವೀನಿಯೆಂಟ್ ಟ್ರೂತ್’ ಬಂದಿತು. ಅಮೆರಿಕದ ಮಾಜಿ ಉಪಾಧ್ಯಕ್ಷ ಆಲ್ ಗೋರ್ ವೇದಿಕೆಯ ಮೇಲೆ ನಿಂತು, ನಕ್ಷೆ ಮತ್ತು ರೇಖಾಚಿತ್ರಗಳ ಸಹಾಯದಿಂದ, ಹವಾಮಾನದ ವಿಪತ್ತನ್ನು ವಿವರಿಸಿದರು. ಚಿತ್ರಕ್ಕೆ ಆಸ್ಕರ್ ದೊರೆಯಿತು. 2007ರಲ್ಲಿ ಗೋರ್ ಅವರಿಗೂ ಅಂತರಸರ್ಕಾರಿ ಹವಾಮಾನ ಸಮಿತಿಗೂ ನೊಬೆಲ್ ಶಾಂತಿ ಪಾರಿತೋಷಕ ದೊರೆಯಿತು. ಕೋಟ್ಯಂತರ ಜನರಿಗೆ ವಿಷಯ ತಿಳಿಸಿದ ಶ್ರೇಯಸ್ಸು ಆ ಚಿತ್ರದ್ದು. ಆದರೆ ಅದರ ಸ್ವರೂಪ ಒಂದು ಉಪನ್ಯಾಸ. ಹಿಮ ಕರಗುವುದು ಅಲ್ಲಿ ಕಾಣುತ್ತದೆ. ಆ ಹಿಮದ ಮೇಲೆ ಬಾಳುವವರು ಏನನ್ನು ಕಂಡಿದ್ದಾರೆಂಬುದು ಅದರ ವಿಷಯವಲ್ಲ. ವಿಜ್ಞಾನಿ ತಜ್ಞಸಾಕ್ಷಿ. ಅವನಿಲ್ಲದೆ ಮೊಕದ್ದಮೆ ನಿಲ್ಲದು. ಅವನೊಬ್ಬನಿಂದಲೇ ಮೊಕದ್ದಮೆ ಪೂರ್ಣವೂ ಆಗದು, ಪ್ರತ್ಯಕ್ಷಸಾಕ್ಷಿ ಬೇಕು.

ಆ ಪ್ರತ್ಯಕ್ಷಸಾಕ್ಷಿ ಹಿಮದ ನಾಡಿನಲ್ಲಿಯೇ ಸಿದ್ಧವಾಗುತ್ತಿದ್ದ. ಉತ್ತರ ಕೆನಡಾದ ಇಗ್ಲೂಲಿಕ್ ಎಂಬ ದ್ವೀಪದ ಊರಿನ ಜನ 1970ರ ದಶಕದಲ್ಲಿ ಎರಡು ಬಾರಿ ಮತ ಹಾಕಿ ದೂರದರ್ಶನ ಬೇಡವೆಂದಿದ್ದರು. ಅದರಲ್ಲಿ ತಮ್ಮ ಭಾಷೆಯಾದ ಇನುಕ್ಟಿಟೂಟಿನ ಕಾರ್ಯಕ್ರಮಗಳಿಲ್ಲ ಎಂಬುದು ಅವರ ಆಕ್ಷೇಪ. ತಮ್ಮ ಭಾಷೆಗೆ ಸ್ಥಾನ ಸಿಗುವ ಭರವಸೆ ಬಂದ ಮೇಲೆಯೇ ಅದನ್ನು ಊರೊಳಗೆ ಬಿಟ್ಟುಕೊಂಡರು. ಭಾಷಾಭಿಮಾನದ ಮಾತಿನಲ್ಲಿ ನಾವೂ ಹಿಂದುಳಿದವರಲ್ಲ. ಇಂಥದೊಂದು ನಿರ್ಣಯವನ್ನು ನಮ್ಮ ಯಾವ ಊರೂ ಕೈಗೊಂಡಂತೆ ಕಾಣೆ. ಆ ಊರಿನ ಝಕರಿಯಸ್ ಕುನುಕ್ ಕಲ್ಲಿನಲ್ಲಿ ಗೊಂಬೆ ಕೆತ್ತುವ ಶಿಲ್ಪಿ. 1981ರಲ್ಲಿ ತಾವು ಕೆತ್ತಿದ ಗೊಂಬೆಗಳನ್ನು ಮಾಂಟ್ರಿಯಲ್ ನಗರದಲ್ಲಿ ಮಾರಿ, ಆ ಹಣದಿಂದ ಒಂದು ವಿಡಿಯೊ ಕ್ಯಾಮರಾ ಕೊಂಡು ತಂದರು. ಇಲ್ಲಿ ಪೋಷಕ ತುಪ್ಪಳದ ವ್ಯಾಪಾರಿಯಲ್ಲ, ತೈಲದ ಕಂಪನಿಯಲ್ಲ, ಸ್ವಂತ ಕೈಗಳು. 1990ರಲ್ಲಿ ಗೆಳೆಯರೊಡನೆ ಅವರು ಕಟ್ಟಿದ ಸಂಸ್ಥೆಯ ಹೆಸರು ಇಸುಮ. ಅವರ ಭಾಷೆಯಲ್ಲಿ ಅದಕ್ಕೆ ಆಲೋಚನೆ ಎಂದರ್ಥ. ಅವರ ಕಥಾಚಿತ್ರ ‘ಅತನರ್‌ಜುವಾತ್’ 2001ರಲ್ಲಿ ಕಾನ್ ಚಿತ್ರೋತ್ಸವದ ಪಾರಿತೋಷಕ ಪಡೆಯಿತು.

ಕುನುಕ್ ಅವರು ಇಯಾನ್ ಮೌರೊ ಎಂಬ ಸಂಶೋಧಕರೊಡನೆ ಕೂಡಿ 2010ರಲ್ಲಿ ‘ಕಪಿರಂಗಜುಕ್’ ಎಂಬ ಸಾಕ್ಷ್ಯಚಿತ್ರವನ್ನು ಹೊರತಂದರು. ಇನೂಯಿಟರ ಅರಿವು ಮತ್ತು ಹವಾಮಾನ ಬದಲಾವಣೆ ಅದರ ವಸ್ತು. ಅದರಲ್ಲಿ ಅಶರೀರವಾಣಿಯಂಥ ವ್ಯಾಖ್ಯಾನವಿಲ್ಲ. ಮುದುಕರು, ಮುದುಕಿಯರು, ಬೇಟೆಗಾರರು ತಮ್ಮ ಭಾಷೆಯಲ್ಲಿ ಮಾತನಾಡುತ್ತಾರೆ. ಇಂಗ್ಲಿಷ್ ತೆರೆಯ ತಳದಲ್ಲಿ ಅಕ್ಷರರೂಪದಲ್ಲಿ ಹಿಂಬಾಲಿಸುತ್ತದೆ. ಹಿಮ ತಡವಾಗಿ ಕಟ್ಟುತ್ತದೆ, ಬೇಗ ಒಡೆಯುತ್ತದೆ. ಗಾಳಿ ಕೊರೆದ ಹಿಮದ ದಿಬ್ಬಗಳ ದಿಕ್ಕನ್ನು ನೋಡಿ ದಾರಿ ಗುರುತಿಸುತ್ತಿದ್ದೆವು. ಈಗ ಗಾಳಿಯ ದಿಕ್ಕೇ ಬದಲಾಗಿ ಆ ಗುರುತು ನೆಚ್ಚುವಂತಿಲ್ಲ. ಇವೆಲ್ಲ ಅವರ ಹೇಳಿಕೆಗಳು. ಹಿಮಕರಡಿಯ ವಿಚಾರದಲ್ಲಂತೂ ಅವರು ಹೊರಗಿನ ಪ್ರಾಣಿಪ್ರಿಯರನ್ನೂ ಸಂಶೋಧಕರನ್ನೂ ಕೇಳಿಯೇ ಬಿಡುತ್ತಾರೆ: ಅದನ್ನು ಔಷಧದಿಂದ ಕೆಡವಿ ಕೊರಳಿಗೆ ಯಂತ್ರ ಕಟ್ಟುವುದು ಯಾವ ದಯೆ? ಕರಡಿಗಳ ಸಂಖ್ಯೆಯ ಬಗ್ಗೆ ಅವರಿಗೂ ತಜ್ಞರಿಗೂ ಭಿನ್ನಾಭಿಪ್ರಾಯವಿದೆ. ನಿಜವಾದ ಸಾಕ್ಷಿ ತನ್ನ ಪರ ನಿಂತ ವಕೀಲನಿಗೂ ಅನುಕೂಲವಾಗಿಯೇ ಮಾತನಾಡುತ್ತಾನೆಂಬ ಭರವಸೆಯಿಲ್ಲ.

ಆ ಚಿತ್ರದ ಅತ್ಯಂತ ವಿಸ್ಮಯದ ಭಾಗ ಸೂರ್ಯನ ವಿಚಾರ. ಊರೂರಿನ ಹಿರಿಯರು ಒಬ್ಬರಾದ ಮೇಲೊಬ್ಬರು ಒಂದೇ ಮಾತು ಹೇಳುತ್ತಾರೆ: ಸೂರ್ಯ ಮೊದಲಿನ ಜಾಗದಲ್ಲಿ ಮುಳುಗುತ್ತಿಲ್ಲ, ನಕ್ಷತ್ರಗಳು ಸರಿದಿವೆ, ಭೂಮಿ ವಾಲಿದಂತಿದೆ. ಕೆಲವು ವಿಜ್ಞಾನಿಗಳು ಇದನ್ನು ಕೇಳಿ ಸಿಟ್ಟಾದರು. ಭೂಮಿಯ ಅಕ್ಷ ಹಾಗೆ ವಾಲಿಲ್ಲವೆಂಬುದು ನಿಜವೇ. ಆದರೆ ಗಾಳಿಯಲ್ಲಿ ತಣ್ಣನೆಯ ಪದರದ ಮೇಲೆ ಬೆಚ್ಚನೆಯ ಪದರ ಕೂತಾಗ ಬೆಳಕು ಬಾಗುತ್ತದೆ. ದಿಗಂತದ ಕೆಳಗಿರುವ ಸೂರ್ಯ ಮೇಲಿರುವಂತೆ ಕಾಣುತ್ತಾನೆ. ನೀರಿನೊಳಗಿನ ಮೀನು ಇರುವಲ್ಲಿಯೇ ಕಾಣುವುದಿಲ್ಲವಷ್ಟೆ, ಹಾಗೆ. 1597ರ ಚಳಿಗಾಲದಲ್ಲಿ ನೊವಾಯಾ ಜೆಮ್ಲ್ಯಾ ದ್ವೀಪದಲ್ಲಿ ಸಿಕ್ಕಿಬಿದ್ದ ಡಚ್ ನಾವಿಕರು ಸೂರ್ಯನನ್ನು ಎರಡು ವಾರ ಮುಂಚಿತವಾಗಿ ಕಂಡೆವೆಂದಾಗ ಅವರನ್ನೂ ಜನ ನಂಬಿರಲಿಲ್ಲ. ಆರ್ಕ್ಟಿಕ್ ಪ್ರದೇಶ 1979ರಿಂದೀಚೆಗೆ ಜಗತ್ತಿನ ಸರಾಸರಿಗಿಂತ ಸುಮಾರು ನಾಲ್ಕು ಪಟ್ಟು ವೇಗವಾಗಿ ಬಿಸಿಯಾಗಿದೆ ಎಂದು 2022ರಲ್ಲಿ ಪ್ರಕಟವಾದ ಅಧ್ಯಯನ ಹೇಳುತ್ತದೆ. ಹಾಗಿರುವಾಗ ಗಾಳಿಯ ಪದರಗಳೂ ಬೆಳಕಿನ ದಾರಿಯೂ ಬದಲಾಗಿರುವುದು ಸಾಧ್ಯ. ಕಂಡದ್ದನ್ನು ಕಂಡಂತೆ ಹೇಳುವುದು ಸಾಕ್ಷಿಯ ಕರ್ತವ್ಯ. ಅದಕ್ಕೆ ಕಾರಣ ಹುಡುಕುವುದು ಬೇರೆಯವರದು. ಹಿರಿಯರ ಕಾರಣ ತಪ್ಪಿರಬಹುದು. ಅವರು ಬದುಕಿಗಾಗಿ ದಿನವೂ ದಿಗಂತವನ್ನು ನೋಡಿದವರು. ಆ ಕಣ್ಣುಗಳನ್ನು ತಳ್ಳಿಹಾಕುವ ಅಧಿಕಾರ ನಮಗಿಲ್ಲ.

ಸಾಕ್ಷಿಯ ಈ ಹಕ್ಕನ್ನು ನಿಜವಾದ ನ್ಯಾಯಪೀಠದ ಮುಂದೆಯೂ ಇನೂಯಿಟರು ಒಯ್ದಿದ್ದರು. 2005ರ ಡಿಸೆಂಬರಿನಲ್ಲಿ ಶೀಲಾ ವಾಟ್ ಕ್ಲೂಟಿಯರ್ ಎಂಬ ನಾಯಕಿ, ಇನ್ನೂ 62 ಇನೂಯಿಟರೊಡನೆ, ಅಮೆರಿಕಖಂಡಗಳ ಮಾನವಹಕ್ಕು ಆಯೋಗಕ್ಕೆ ಅರ್ಜಿ ಹಾಕಿದರು. ಅಮೆರಿಕ ಸಂಯುಕ್ತ ಸಂಸ್ಥಾನ ಉಗುಳುವ ಹೊಗೆ ತಮ್ಮ ಬದುಕುವ ಹಕ್ಕನ್ನೇ ಕಸಿಯುತ್ತಿದೆ ಎಂಬುದು ಫಿರ್ಯಾದು. ನಾವು ಬೆಚ್ಚಗಿರಲು ಬಯಸುವ ಜಗತ್ತಿನಲ್ಲಿ ಅವರು ಕೇಳಿದ್ದು ಚಳಿಯ ಹಕ್ಕನ್ನು. 2006ರಲ್ಲಿ ಆಯೋಗ ಅರ್ಜಿಯನ್ನು ಮುಂದುವರಿಸಲು ಒಪ್ಪಲಿಲ್ಲ. 2007ರ ಮಾರ್ಚಿನಲ್ಲಿ ಒಮ್ಮೆ ಅವರ ಅಹವಾಲನ್ನು ಕೇಳಿತು. ಗೆಲುವು ಸಿಗಲಿಲ್ಲ, ಹವಾಮಾನ ಬದಲಾವಣೆ ಮಾನವಹಕ್ಕಿನ ಪ್ರಶ್ನೆ ಎಂಬ ಮಾತು ಮಾತ್ರ ಅಂದಿನಿಂದ ಗಟ್ಟಿಯಾಗಿ ಉಳಿಯಿತು. ಇನುಕ್ಜುವಾಕಿನಿಂದ ಸಾಗಿಸಲ್ಪಟ್ಟವರಿಗೂ ಕೇಳುವ ಕಿವಿ ದೊರೆತದ್ದು ಬಹುಕಾಲದ ಮೇಲೆ. 1993ರಲ್ಲಿ ಅವರು ರಾಜಮಾನ್ಯ ಆಯೋಗದ ಮುಂದೆ ಸಾಕ್ಷ್ಯ ನುಡಿದರು. ಕೆನಡಾ ಸರ್ಕಾರ ಕ್ಷಮೆ ಕೇಳಿದ್ದು 2010ರ ಆಗಸ್ಟಿನಲ್ಲಿ. ಜೋಸೆಫಿಯವರ ಮಗಳು, ಅಂದರೆ ಫ್ಲಾಹರ್ಟಿಯ ಮೊಮ್ಮಗಳು, ತಾನು ಮಗುವಾಗಿದ್ದಾಗ ಅನುಭವಿಸಿದ ಆ ವಲಸೆಯ ಕಥೆಯನ್ನು ಒಂದು ಸಾಕ್ಷ್ಯಚಿತ್ರದಲ್ಲಿಯೇ ಹೇಳಿದರು. ಅಜ್ಜನ ಚಿತ್ರದಲ್ಲಿ ಮೂಕವಾಗಿದ್ದ ಜನಕ್ಕೆ ಮೊಮ್ಮಗಳ ಕಾಲಕ್ಕೆ ಬಾಯಿ ಬಂದಿತು.

ಇದೆಲ್ಲ ದೂರದ ಕಥೆ ಎನ್ನುವವರಿಗೆ ಹತ್ತಿರದ ಒಂದು ನಿದರ್ಶನ ಕೊಡಬಹುದು. ನಮ್ಮ ಬೀದರ್ ಜಿಲ್ಲೆಯ ಗಡಿಯ ಆಚೆ, ತೆಲಂಗಾಣದ ಜಹೀರಾಬಾದಿನ ಬಳಿ ಪಸ್ತಾಪುರ ಎಂಬ ಹಳ್ಳಿಯಿದೆ. ಮೈಸೂರಿನಲ್ಲಿ ಹುಟ್ಟಿ, ದೂರದರ್ಶನದಲ್ಲಿ ನಿರ್ಮಾಪಕರಾಗಿದ್ದ ಪಿ. ವಿ. ಸತೀಶ್ ಗೆಳೆಯರೊಡನೆ ಕಟ್ಟಿದ ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿಯ ನೆಲೆ ಅದು. ಮಳೆಯನ್ನೇ ನಂಬಿ ಜೋಳ, ನವಣೆ, ತೊಗರಿ ಬೆಳೆಯುವ ದಲಿತ ಮಹಿಳೆಯರು ಅಲ್ಲಿ 1990ರ ದಶಕದ ಕೊನೆಯ ಹೊತ್ತಿಗೆ ವಿಡಿಯೊ ಕ್ಯಾಮರಾ ಹಿಡಿಯಲು ಕಲಿತರು. ಅವರಲ್ಲಿ ಅನೇಕರಿಗೆ ಓದುಬರಹ ತಿಳಿಯದು. ಬೀಜ, ಬೆಳೆ, ಬರ ಇವು ಅವರ ವಸ್ತು, ಬಿ.ಟಿ. ಹತ್ತಿಯಿಂದ ವಾರಂಗಲ್ಲಿನ ರೈತರಿಗಾದ ನಷ್ಟವನ್ನೂ ಅವರು ಚಿತ್ರಿಸಿದರು. ಕ್ಯಾಮರಾದ ಕೋನಗಳಿಗೆ ಅವರು ಇಟ್ಟ ಹೆಸರುಗಳು ಯಾವ ಸೌಂದರ್ಯಶಾಸ್ತ್ರಜ್ಞನಿಗೂ ಹೊಳೆಯದಂಥವು. ಮೇಲಿನಿಂದ ಕೆಳಕ್ಕೆ, ಕೆಳಗಿನಿಂದ ಮೇಲಕ್ಕೆ ನೋಡುವ ಕೋನಗಳನ್ನು ಪಟೇಲನ ಮತ್ತು ಜೀತದಾಳಿನ ಹೆಸರಿನಲ್ಲಿ ಗುರುತಿಸಿದರು. ಎದುರಿಗಿರುವವರ ಕಣ್ಣಿನ ಮಟ್ಟದಲ್ಲಿ ಹಿಡಿಯುವ ಕೋನವನ್ನು ‘ಸಂಘಂ ಶಾಟ್’ ಎಂದರು. ಸಂಘದಲ್ಲಿ ಎಲ್ಲರೂ ನೆಲದ ಮೇಲೆ ಸಮನಾಗಿ ಕೂರುತ್ತಾರಲ್ಲವೆ! 2008ರಲ್ಲಿ ಅವರು ತಮ್ಮದೇ ಬಾನುಲಿ ಕೇಂದ್ರವನ್ನೂ ಆರಂಭಿಸಿದರೆಂಬುದು ಬಾನುಲಿಯ ಶ್ರೋತೃಗಳಿಗೆ ವಿಶೇಷ ಸಂತೋಷದ ಸಂಗತಿ.

ಕ್ಯಾಮರಾ ಕೈ ಬದಲಾಯಿಸಿದ ಮಾತ್ರಕ್ಕೆ ನ್ಯಾಯ ದೊರೆತುಬಿಡುತ್ತದೆ ಎಂದು ಇದರ ಅರ್ಥವಲ್ಲ. ಚಿತ್ರದಿಂದ ಹಿಮ ಮತ್ತೆ ಕಟ್ಟುವುದಿಲ್ಲ. ಮಳೆ ಸಕಾಲಕ್ಕೆ ಬರುವುದಿಲ್ಲ. ಬಡವನ ಕೈಯಲ್ಲಿರುವ ಕ್ಯಾಮರಾ ಎಂದೂ ತಪ್ಪುವುದಿಲ್ಲವೆಂಬುದೂ ಭಾವುಕತೆಯ ಮಾತು. ಹೊರಗಿನವರ ಚಿತ್ರಗಳು ಬೇಡವೆಂದೂ ನಾನು ಹೇಳುತ್ತಿಲ್ಲ. ಕಾಲಿನ್ ಲೋ ಫೋಗೊದವರಲ್ಲ, ಇಯಾನ್ ಮೌರೊ ಇನೂಯಿಟರಲ್ಲ. ಹೊರಗಿನವನು ಬಂದು ಯಾರ ಪಕ್ಕದಲ್ಲಿ, ಯಾವ ಎತ್ತರದಲ್ಲಿ ಕೂರುತ್ತಾನೆಂಬುದು ಮುಖ್ಯ.

ಬರ, ನೆರೆ, ಕಡಲ್ಕೊರೆತಗಳ ಚಿತ್ರಗಳು ಇನ್ನು ಮುಂದೆ ನಮ್ಮ ಮನೆಯೊಳಗೇ ದಿನವೂ ಬರುತ್ತವೆ. ಅವುಗಳಲ್ಲಿ ಕೆಲವು ನಮ್ಮದೇ ವಿಜಾಪುರದ ಹೊಲ, ಕೊಡಗಿನ ಬೆಟ್ಟ, ಉಳ್ಳಾಲದ ಕಡಲತೀರಗಳ ಚಿತ್ರಗಳಾಗಿರುತ್ತವೆ. ನೋಡುವ ನಾವು ಆ ಕಟ್ಟಲೆಯಲ್ಲಿ ನ್ಯಾಯಾಧೀಶರ ಸ್ಥಾನದಲ್ಲಿ ಕೂತಿರುತ್ತೇವೆ. ವಿದ್ಯುತ್ತನ್ನೂ ಪೆಟ್ರೋಲನ್ನೂ ಧಾರಾಳವಾಗಿ ಬಳಸುವ ಪಟ್ಟಣಿಗರಾದ್ದರಿಂದ ಸ್ವಲ್ಪಮಟ್ಟಿಗೆ ಪ್ರತಿವಾದಿಗಳ ಸ್ಥಾನದಲ್ಲಿಯೂ. ಆದ್ದರಿಂದ ಕಣ್ಣೊರೆಸಿಕೊಳ್ಳುವ ಮುಂಚೆ ಮೂರು ಪ್ರಶ್ನೆಗಳನ್ನು ಕೇಳಿಕೊಳ್ಳುವುದು ಲೇಸು. ಈ ಚಿತ್ರಕ್ಕೆ ಹಣ ಕೊಟ್ಟವರು ಯಾರು? ಇದರಲ್ಲಿ ನೊಂದವರು ಕಾಣುತ್ತಾರೆ ಸರಿ. ಅವರು ಮಾತನಾಡುತ್ತಾರೆಯೇ, ತಮ್ಮ ಭಾಷೆಯಲ್ಲಿ? ಮೂರನೆಯದು ಎಲ್ಲಕ್ಕಿಂತ ಸುಲಭದ್ದು, ಎಲ್ಲಕ್ಕಿಂತ ಅಪರೂಪಕ್ಕೆ ಕೇಳುವಂಥದು: ನಾವು ನೋಡುತ್ತಿರುವ ಈ ಚಿತ್ರವನ್ನು ಅದರಲ್ಲಿರುವವರು ನೋಡಿದ್ದಾರೆಯೇ?